ಗೆಳೆಯನ ಜಾಮೀನು

ಕೊರಿಯಾ ದೇಶದ ಗಂಡಸರ ಗೆಳೆತನದ ಕಥೆಯೊಂದನ್ನು ಇಂದು ತಮ್ಮ ಮುಂದಿಡುತ್ತೇನೆ. ಬ್ಯಾಂಕಿನ ಮೇಜಿನ ಮುಂದೆ ಆಯಸ್ಸು ಕಳೆದವನಾದ್ದರಿಂದ ಅದನ್ನು ಜಾಮೀನಿನ ಕಡೆಯಿಂದ ಹೇಳುವುದು ನನಗೆ ಸಲೀಸು.

1392ರಿಂದ 1910ರವರೆಗೆ ಆಳಿದ ಚೋಸನ್ ಅರಸರು ಕನ್‌ಫ್ಯೂಷಿಯಸನ ನೀತಿಯನ್ನು ರಾಜ್ಯದ ನೀತಿಯಾಗಿಸಿಕೊಂಡರು. ಅದರಂತೆ ಮನುಷ್ಯರ ಸಂಬಂಧಗಳು ಐದು. ಅರಸ-ಪ್ರಜೆ, ತಂದೆ-ಮಗ, ಗಂಡ-ಹೆಂಡತಿ, ಹಿರಿಯ-ಕಿರಿಯ, ಈ ನಾಲ್ಕರಲ್ಲಿ ಮೇಲು-ಕೆಳಗು ಉಂಟು. ಐದನೆಯದಾದ ಗೆಳೆತನದಲ್ಲಿ ಮಾತ್ರ ಇಬ್ಬರೂ ಸಮ. ಅದರ ಧರ್ಮ ನಂಬಿಕೆ. ಎರಡು ಭಾಷೆ ಆಡುವ ತಮಗೆ ಮಾತಿನ ಮರ್ಯಾದೆ ಗೊತ್ತು. ಅಲ್ಲಿ ‘ಚಿಂಗು’, ಅಂದರೆ ಗೆಳೆಯ, ಎನ್ನುವುದು ಸಾಮಾನ್ಯವಾಗಿ ಓರಗೆಯವನನ್ನೇ. ವರ್ಷಕ್ಕೆ ದೊಡ್ಡವನಾದರೂ ಅವನು ‘ಹ್ಯೊಂಗ್’, ಅಣ್ಣ.

ಹಳ್ಳಿಗಳಲ್ಲಿ ಈ ನಂಬಿಕೆ ‘ಗ್ಯೆ’ ಎಂಬ ಚೀಟಿಯಾಗಿ ನಡೆಯುತ್ತಿತ್ತು. ಮದುವೆಗೆ, ಸಾವಿಗೆ ಆ ಹಣ ಒದಗುತ್ತಿತ್ತು. 1950-53ರ ಯುದ್ಧದ ನಂತರ ದಕ್ಷಿಣ ಕೊರಿಯಾದಲ್ಲಿ ಊರು ಬಿಟ್ಟು ಪಟ್ಟಣ ಸೇರಿದ ಗಂಡಸರಿಗೆ ಊರಿನ, ಶಾಲೆಯ, ಸೈನ್ಯದ ಗೆಳೆಯರೇ ಬಲ. ಗಂಡಸಾದವನು ಮನೆಗೆ ಅನ್ನ ತರಬೇಕು, ಕಷ್ಟ ಬಾಯಿಬಿಡಬಾರದು, ಗೆಳೆಯ ಜಾಮೀನು ಕೇಳಿದರೆ ಇಲ್ಲವೆನ್ನಬಾರದು. ಹೆಸರಿನ ಮೊಹರು ಒತ್ತಿದವನು ಸಾಲಗಾರನಷ್ಟೇ ಹೊಣೆ. ಜಾಮೀನು ನಿಲ್ಲುವ ಮಗನನ್ನು ಹೆರಲೇಬೇಡ ಎಂಬ ಗಾದೆಯೂ ಅಲ್ಲಿದೆ!

1997ರಲ್ಲಿ ಹಾನ್ಬೊ, ಕಿಯಾದಂಥ ದೊಡ್ಡ ಕಂಪನಿಗಳೇ ಮುಗ್ಗರಿಸಿದವು. ಡಿಸೆಂಬರಿನಲ್ಲಿ ಸರ್ಕಾರವೇ ಅಂತರರಾಷ್ಟ್ರೀಯ ಹಣಕಾಸು ನಿಧಿಯ ಸಾಲಕ್ಕೆ ಸಹಿ ಹಾಕಿತು. ಕೆಲಸ ಹೋದ ಎಷ್ಟೋ ಗಂಡಸರು ಮನೆಯಲ್ಲಿ ಹೇಳಲಾರದೆ, ಬೆಳಗ್ಗೆ ಕೋಟು-ಟೈ ತೊಟ್ಟು ಹೊರಟು ಪಾರ್ಕಿನಲ್ಲೋ ಗುಡ್ಡದಲ್ಲೋ ಹೊತ್ತು ಕಳೆದು ಸಂಜೆ ಮರಳುತ್ತಿದ್ದರು. ಗೆಳೆಯನ ವ್ಯಾಪಾರ ಮುಳುಗಿದಾಗ, ತಾನು ಬಿಡಿಕಾಸಿನ ಸಾಲವನ್ನೂ ಮಾಡದವನ ಮನೆ ಹರಾಜಿಗೆ ಬಂತು. ಸಾಲಗಾರ ಮುಖ ತೋರಿಸಲಾರ, ಜಾಮೀನುದಾರ ಮುಖ ನೋಡಲಾರ. ಸಾಲದ ಜೊತೆಗೆ ಗೆಳೆತನವೂ ವಸೂಲಾಗದೆ ಹೋಯಿತು.

ಆಮೇಲೆ ಕಟ್ಟಳೆಗಳು ಬದಲಾದವು. ಮನೆಯ ಯಜಮಾನಿಕೆಯನ್ನು ಗಂಡಸರ ಸಾಲಿನಲ್ಲೇ ದಾಖಲಿಸುತ್ತಿದ್ದ ‘ಹೋಜು’ ಪದ್ಧತಿ 2008ರ ಜನವರಿಯಲ್ಲಿ ರದ್ದಾಯಿತು. ಅದೇ ವರ್ಷ ಬ್ಯಾಂಕುಗಳು ವ್ಯಕ್ತಿಗಳ ಮನೆಖರ್ಚಿನ ಸಾಲಕ್ಕೆ ಇಂಥ ಜಾಮೀನು ಕೇಳುವುದನ್ನು ಕೈಬಿಟ್ಟವು. 2013ರಲ್ಲಿ ಇತರ ಹಣಕಾಸು ಸಂಸ್ಥೆಗಳಿಗೂ ನಿರ್ಬಂಧ ಬಂತು.

ಜಾಮೀನು ಹೋದ ಮೇಲೆ ಗೆಳೆತನ ಹಗುರಾಯಿತೇ? ನನಗೆ ಹಾಗೆ ತೋರುವುದಿಲ್ಲ. ಗೆಳೆಯನ ಎದುರು ‘ನನ್ನಿಂದಾಗದು’ ಎನ್ನುವುದಕ್ಕೂ ‘ನನಗೆ ಕಷ್ಟವಿದೆ’ ಎನ್ನುವುದಕ್ಕೂ ಗಂಡೆದೆ ಬೇಕು. ತಮ್ಮ ಗೆಳೆಯರೂ ನಾಳೆ ಕಾಗದ ಹಿಡಿದು ಬಂದಾರು. ಮೊದಲು ಕೂರಿಸಿ, ಅವರ ಕಷ್ಟವನ್ನು ಪೂರ್ತಿ ಕೇಳಿ. ಸಹಿ ಆಮೇಲಿನ ಮಾತು.