ಜೆಸಿಎಲ್ ಗ್ರಂಥಗಳು

ಮೇನ್‌ಫ್ರೇಮ್ ಕಂಪ್ಯೂಟರಿನಲ್ಲಿ ಕೆಲಸಗಳನ್ನು ಓಡಿಸುವ ಜಾಬ್ ಕಂಟ್ರೋಲ್ ಲ್ಯಾಂಗ್ವೇಜ್ (ಜೆಸಿಎಲ್) ಎಂಬ ಆದೇಶಭಾಷೆಯನ್ನು ಕಲಿಸುವ ತಾಂತ್ರಿಕ ಪುಸ್ತಕಗಳು. ಐಬಿಎಂ 1964ರಲ್ಲಿ ಘೋಷಿಸಿದ ಸಿಸ್ಟಂ/360 ಶ್ರೇಣಿಯ ಬೆನ್ನಿಗೆ ಹುಟ್ಟಿದ ಪ್ರಕಾರ. ಜಾಬ್, ಎಕ್ಸೆಕ್, ಡಿಡಿ ಎಂಬ ಮೂರು ಹೇಳಿಕೆಗಳು ಇವುಗಳ ತಿರುಳು. ಕಡತ ಹೊಸದೋ ಹಳೆಯದೋ, ಎಷ್ಟು ಜಾಗ ಬೇಕು, ಕೆಲಸ ಮುಗಿದ ಮೇಲೆ ಉಳಿಸಬೇಕೋ ಅಳಿಸಬೇಕೋ ಎಂಬುದನ್ನೆಲ್ಲ ಡಿಡಿಯೇ ತಿಳಿಸುವುದರಿಂದ ಹೆಚ್ಚಿನ ಪುಟಗಳು ಅದಕ್ಕೇ ಮೀಸಲು. ಅಲ್ಪವಿರಾಮವೊಂದು ತಪ್ಪಿದರೂ ಜಾಬ್ ತಿರಸ್ಕೃತವಾಗಬಹುದಾದ್ದರಿಂದ ಮಾದರಿಗಳು ಹೇರಳ. ಗ್ಯಾರಿ ಡಿವಾರ್ಡ್ ಬ್ರೌನ್, ಡಗ್ ಲೋ ಪ್ರಮುಖ ಲೇಖಕರು. ಕರ್ನಾಟಕದಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಐಬಿಎಂ 360/44 ಸಿಸ್ಟಂ/360 ಶ್ರೇಣಿಯ ಆರಂಭಿಕ ಯಂತ್ರ. 2000ನೇ ಇಸವಿಯ ದಿನಾಂಕ ತಿದ್ದುಪಡಿ ಕಾಲದಲ್ಲಿ ಕೋಬಾಲ್ ಪ್ರೋಗ್ರಾಮಿಂಗ್ ಭಾಷೆಯ ಜೊತೆಗೆ ಜೆಸಿಎಲ್ ಬಲ್ಲವರಿಗೂ ಬೇಡಿಕೆ ಏರಿತು.