ಬಲ್ಬೀರ್ ಸಿಂಗ್ ಸೀನಿಯರ್

ಬಲ್ಬೀರ್ ಸಿಂಗ್ ಸೀನಿಯರ್ (31 ಡಿಸೆಂಬರ್ 1923 – 25 ಮೇ 2020) ಭಾರತದ ಹಾಕಿ ಆಟಗಾರರು. ಸೆಂಟರ್ ಫಾರ್ವರ್ಡ್ ಸ್ಥಾನದಲ್ಲಿ ಆಡುತ್ತಿದ್ದ ಇವರು 1948ರ ಲಂಡನ್, 1952ರ ಹೆಲ್ಸಿಂಕಿ ಮತ್ತು 1956ರ ಮೆಲ್ಬರ್ನ್ ಒಲಿಂಪಿಕ್ಸ್‌ಗಳಲ್ಲಿ ಚಿನ್ನದ ಪದಕ ಗೆದ್ದ ಭಾರತ ತಂಡಗಳಲ್ಲಿದ್ದರು. ಒಲಿಂಪಿಕ್ ಪುರುಷರ ಹಾಕಿ ಫೈನಲ್ ಪಂದ್ಯವೊಂದರಲ್ಲಿ ಅತಿ ಹೆಚ್ಚು ಗೋಲು (5) ಗಳಿಸಿದ ದಾಖಲೆ ಇವರ ಹೆಸರಿನಲ್ಲಿದೆ. ಭಾರತೀಯ ಹಾಕಿಯಲ್ಲಿ ಬಲ್ಬೀರ್ ಸಿಂಗ್ ಎಂಬ ಹೆಸರಿನ ಇತರ ಆಟಗಾರರೂ ಇದ್ದುದರಿಂದ, ಗುರುತಿಗಾಗಿ ಇವರ ಹೆಸರಿನೊಂದಿಗೆ 'ಸೀನಿಯರ್' ಎಂಬ ಪದ ಸೇರಿಕೊಂಡಿತು.

ಬಾಲ್ಯ ಮತ್ತು ಶಿಕ್ಷಣ

ಬಲ್ಬೀರ್ ಸಿಂಗ್ ಪಂಜಾಬಿನ ಜಲಂಧರ್ ಜಿಲ್ಲೆಯ ಹರಿಪುರ ಖಾಲ್ಸಾ ಗ್ರಾಮದಲ್ಲಿ ಜನಿಸಿದರು. ತಂದೆ ದಲೀಪ್ ಸಿಂಗ್ ದೊಸಾಂಜ್ ಸ್ವಾತಂತ್ರ್ಯ ಹೋರಾಟಗಾರರು. ಮೋಗಾದಲ್ಲಿ ಬೆಳೆದ ಬಲ್ಬೀರ್ ಮೊದಲು ಗೋಲ್‌ಕೀಪರ್ ಆಗಿ ಆಟ ಆರಂಭಿಸಿ, ಕ್ರಮೇಣ ಮುನ್ಪಡೆಗೆ ಬಂದರು. ಲಾಹೋರಿನಲ್ಲಿ ಓದುತ್ತಿದ್ದ ಇವರ ಪ್ರತಿಭೆಯನ್ನು ಗುರುತಿಸಿದ ತರಬೇತುದಾರ ಹರ್ಬೈಲ್ ಸಿಂಗ್ ಅವರು ಇವರನ್ನು ಅಮೃತಸರದ ಖಾಲ್ಸಾ ಕಾಲೇಜಿಗೆ ಸೇರಿಸಿಕೊಂಡರು. ಇದೇ ಹರ್ಬೈಲ್ ಸಿಂಗ್ ಮುಂದೆ ಹೆಲ್ಸಿಂಕಿ ಮತ್ತು ಮೆಲ್ಬರ್ನ್‌ಗೆ ತೆರಳಿದ ಭಾರತ ತಂಡಗಳಿಗೂ ತರಬೇತಿ ನೀಡಿದರು.

ಅನಂತರ ಬಲ್ಬೀರ್ ಪಂಜಾಬ್ ಪೊಲೀಸ್ ಸೇವೆಗೆ ಸೇರಿದರು. 1947ರಲ್ಲಿ ರಾಷ್ಟ್ರೀಯ ಚಾಂಪಿಯನ್‌ಷಿಪ್ ಗೆದ್ದ ಅಖಂಡ ಪಂಜಾಬ್ ತಂಡದಲ್ಲಿ ಇವರು ಆಡಿದ್ದರು. ಅದೇ ವರ್ಷದ ದೇಶವಿಭಜನೆಯಿಂದ ಆ ತಂಡ ಒಡೆದು, ಹಲವು ಸಹ ಆಟಗಾರರು ಪಾಕಿಸ್ತಾನಕ್ಕೆ ಸೇರಿದರು. ಅವರಲ್ಲೊಬ್ಬರಾದ ಎ. ಐ. ಎಸ್. ದಾರಾ 1948ರ ಒಲಿಂಪಿಕ್ಸ್‌ನಲ್ಲಿ ಪಾಕಿಸ್ತಾನ ತಂಡದ ನಾಯಕರಾಗಿದ್ದರು.

ಒಲಿಂಪಿಕ್ ಜೀವನ

ಲಂಡನ್, 1948

ಸ್ವತಂತ್ರ ಭಾರತದ ಮೊದಲ ಒಲಿಂಪಿಕ್ಸ್ ಇದಾಗಿತ್ತು. ಅರ್ಜೆಂಟೀನಾ ವಿರುದ್ಧ ತಮ್ಮ ಮೊದಲ ಒಲಿಂಪಿಕ್ ಪಂದ್ಯವನ್ನಾಡಿದ ಬಲ್ಬೀರ್ 6 ಗೋಲು ಗಳಿಸಿದರು. ಭಾರತ 9–1ರಿಂದ ಗೆದ್ದಿತು. ಆದರೂ ಸೆಮಿಫೈನಲ್ ಸೇರಿದಂತೆ ಮುಂದಿನ ಪಂದ್ಯಗಳಲ್ಲಿ ಅವರಿಗೆ ಅವಕಾಶ ದೊರೆಯಲಿಲ್ಲ. ಆಗಸ್ಟ್ 12ರಂದು ವೆಂಬ್ಲಿಯಲ್ಲಿ ಆತಿಥೇಯ ಗ್ರೇಟ್ ಬ್ರಿಟನ್ ವಿರುದ್ಧ ನಡೆದ ಫೈನಲ್‌ನಲ್ಲಿ ಮತ್ತೆ ಕಣಕ್ಕಿಳಿದ ಅವರು ಮೊದಲ ಎರಡು ಗೋಲು ಹೊಡೆದರು. ಸ್ವಾತಂತ್ರ್ಯದ ಮೊದಲ ವಾರ್ಷಿಕೋತ್ಸವಕ್ಕೆ ಮೂರು ದಿನ ಮುಂಚೆ, ತನ್ನನ್ನು ಆಳಿದ್ದ ದೇಶವನ್ನು ಅದರ ನೆಲದಲ್ಲಿಯೇ ಭಾರತ 4–0ರಿಂದ ಸೋಲಿಸಿತು.

ಹೆಲ್ಸಿಂಕಿ, 1952

ಕೆ. ಡಿ. ಸಿಂಗ್ 'ಬಾಬು' ನಾಯಕತ್ವದ ತಂಡಕ್ಕೆ ಬಲ್ಬೀರ್ ಉಪನಾಯಕರಾಗಿದ್ದರು. ಉದ್ಘಾಟನಾ ಸಮಾರಂಭದಲ್ಲಿ ಭಾರತದ ಧ್ವಜವನ್ನು ಹಿಡಿದು ನಡೆದವರೂ ಅವರೇ. ಸೆಮಿಫೈನಲ್‌ನಲ್ಲಿ ಗ್ರೇಟ್ ಬ್ರಿಟನ್ ವಿರುದ್ಧ ಭಾರತದ ಮೂರೂ ಗೋಲುಗಳನ್ನು ಅವರು ಗಳಿಸಿದರು. ನೆದರ್ಲೆಂಡ್ಸ್ ವಿರುದ್ಧದ ಫೈನಲ್ ಅನ್ನು ಭಾರತ 6–1ರಿಂದ ಗೆದ್ದಿತು. ಅದರಲ್ಲಿ 5 ಗೋಲು ಬಲ್ಬೀರ್ ಅವರವು. 1908ರ ಫೈನಲ್‌ನಲ್ಲಿ ಇಂಗ್ಲೆಂಡಿನ ರೆಜಿ ಪ್ರಿಡ್ಮೋರ್ 4 ಗೋಲು ಹೊಡೆದು ಸ್ಥಾಪಿಸಿದ್ದ ದಾಖಲೆ ಇದರಿಂದ ಮುರಿಯಿತು. ಆ ಕ್ರೀಡಾಕೂಟದಲ್ಲಿ ಭಾರತ ಗಳಿಸಿದ ಒಟ್ಟು 13 ಗೋಲುಗಳಲ್ಲಿ 9 ಇವರದಾಗಿದ್ದವು.

ಮೆಲ್ಬರ್ನ್, 1956

ಈ ಬಾರಿ ಬಲ್ಬೀರ್ ತಂಡದ ನಾಯಕರಾಗಿದ್ದರು. ಅಫ್ಘಾನಿಸ್ತಾನ ವಿರುದ್ಧದ ಮೊದಲ ಪಂದ್ಯದಲ್ಲಿ 5 ಗೋಲು ಗಳಿಸಿದರೂ, ಆ ಪಂದ್ಯದಲ್ಲಿಯೇ ಅವರ ಬಲಗೈ ಬೆರಳಿನ ಮೂಳೆ ಮುರಿಯಿತು. ಗುಂಪಿನ ಉಳಿದೆರಡು ಪಂದ್ಯಗಳಿಂದ ಅವರು ಹೊರಗುಳಿದರು. ಆದರೆ ಗಾಯದ ವಿಷಯವನ್ನು ಗುಟ್ಟಾಗಿಡಲಾಯಿತು. ಬಲ್ಬೀರ್ ಮೈದಾನದಲ್ಲಿದ್ದರೆ ಎದುರಾಳಿ ರಕ್ಷಕರು ಅವರನ್ನೇ ಸುತ್ತುವರಿಯುವರು, ಅದರಿಂದ ಉಳಿದ ಮುನ್ಪಡೆಯವರಿಗೆ ಜಾಗ ದೊರೆಯುವುದು ಎಂಬುದು ತಂಡದ ಲೆಕ್ಕಾಚಾರವಾಗಿತ್ತು. ಹೀಗೆ ಗಾಯಗೊಂಡ ಕೈಯಿಂದಲೇ ಅವರು ಸೆಮಿಫೈನಲ್ ಮತ್ತು ಫೈನಲ್ ಆಡಿದರು. ಡಿಸೆಂಬರ್ 6ರ ಫೈನಲ್‌ನಲ್ಲಿ ರಣಧೀರ್ ಸಿಂಗ್ ಜೆಂಟಲ್ ಗಳಿಸಿದ ಏಕೈಕ ಗೋಲಿನಿಂದ ಭಾರತ ಪಾಕಿಸ್ತಾನವನ್ನು ಮಣಿಸಿತು. ಈ ಕ್ರೀಡಾಕೂಟದಲ್ಲಿ ಭಾರತ 38 ಗೋಲು ಗಳಿಸಿ, ಒಂದನ್ನೂ ಬಿಟ್ಟುಕೊಡಲಿಲ್ಲ.

ಮೂರು ಒಲಿಂಪಿಕ್ಸ್‌ಗಳಲ್ಲಿ ಬಲ್ಬೀರ್ ಆಡಿದ್ದು ಕೇವಲ 8 ಪಂದ್ಯ. ಗಳಿಸಿದ್ದು 22 ಗೋಲು. 1958ರ ಟೋಕಿಯೊ ಏಷ್ಯನ್ ಕ್ರೀಡಾಕೂಟದಲ್ಲಿ ಬೆಳ್ಳಿ ಪದಕ ಪಡೆದ ಭಾರತ ತಂಡದಲ್ಲಿಯೂ ಅವರಿದ್ದರು.

ನಿವೃತ್ತಿಯ ನಂತರ

1971ರಲ್ಲಿ ಬಾರ್ಸಿಲೋನಾದಲ್ಲಿ ನಡೆದ ಮೊದಲ ವಿಶ್ವಕಪ್‌ನಲ್ಲಿ ಕಂಚು ಗೆದ್ದ ಭಾರತ ತಂಡಕ್ಕೆ ಇವರು ತರಬೇತಿ ನೀಡಿದರು. 1975ರಲ್ಲಿ ಕೌಲಾಲಂಪುರದಲ್ಲಿ ವಿಶ್ವಕಪ್ ಗೆದ್ದ ತಂಡಕ್ಕೆ ವ್ಯವಸ್ಥಾಪಕರಾಗಿದ್ದರು. ಅಜಿತ್ ಪಾಲ್ ಸಿಂಗ್ ನಾಯಕತ್ವದ ಆ ತಂಡ ಫೈನಲ್‌ನಲ್ಲಿ ಪಾಕಿಸ್ತಾನವನ್ನು 2–1ರಿಂದ ಸೋಲಿಸಿತು. ಕೊಡಗಿನ ಬಿ. ಪಿ. ಗೋವಿಂದ ಆ ತಂಡದ ಸದಸ್ಯರಾಗಿದ್ದರು. ಪುರುಷರ ಹಾಕಿಯಲ್ಲಿ ಭಾರತ ಗೆದ್ದಿರುವ ಏಕೈಕ ವಿಶ್ವಕಪ್ ಇದಾಗಿದೆ. ಬಲ್ಬೀರ್ ಪಂಜಾಬ್ ಸರ್ಕಾರದ ಕ್ರೀಡಾ ನಿರ್ದೇಶಕರಾಗಿಯೂ ಸೇವೆ ಸಲ್ಲಿಸಿದರು. 'ದಿ ಗೋಲ್ಡನ್ ಹ್ಯಾಟ್ರಿಕ್' ಇವರ ಆತ್ಮಕಥೆ.

ತಮ್ಮ ಮೆಲ್ಬರ್ನ್ ಒಲಿಂಪಿಕ್ಸ್‌ನ ಬ್ಲೇಜರ್, ಹಲವು ಪದಕಗಳು ಹಾಗೂ ಅಪರೂಪದ ಛಾಯಾಚಿತ್ರಗಳನ್ನು ಅವರು 1985ರಲ್ಲಿ ಉದ್ದೇಶಿತ ಕ್ರೀಡಾ ವಸ್ತುಸಂಗ್ರಹಾಲಯವೊಂದಕ್ಕಾಗಿ ಒಪ್ಪಿಸಿದ್ದರು. ಆ ವಸ್ತುಸಂಗ್ರಹಾಲಯ ಕೈಗೂಡಲಿಲ್ಲ. ನೀಡಿದ ವಸ್ತುಗಳಿಗಾಗಿ ಕುಟುಂಬದವರು ವರ್ಷಗಟ್ಟಲೆ ವಿಚಾರಿಸಿದರೂ, ಅವರ ಜೀವಿತಾವಧಿಯಲ್ಲಿ ಅವು ಮರಳಿ ದೊರೆಯಲಿಲ್ಲ.

ಗೌರವಗಳು ಮತ್ತು ನಿಧನ

1957ರಲ್ಲಿ ಭಾರತ ಸರ್ಕಾರ ಇವರಿಗೆ ಪದ್ಮಶ್ರೀ ನೀಡಿತು. ಈ ಪ್ರಶಸ್ತಿ ಪಡೆದ ಮೊದಲ ಕ್ರೀಡಾಪಟು ಇವರು. 2012ರ ಲಂಡನ್ ಒಲಿಂಪಿಕ್ಸ್ ಸಂದರ್ಭದಲ್ಲಿ, ಆಧುನಿಕ ಒಲಿಂಪಿಕ್ಸ್‌ನ 16 ಮಹಾನ್ ಕ್ರೀಡಾಪಟುಗಳ ಪಟ್ಟಿಗೆ ಆಯ್ಕೆಯಾದ ಏಕೈಕ ಭಾರತೀಯರೂ ಇವರಾಗಿದ್ದರು. 2015ರಲ್ಲಿ ಹಾಕಿ ಇಂಡಿಯಾ ಸಂಸ್ಥೆಯು ಮೇಜರ್ ಧ್ಯಾನ್‌ಚಂದ್ ಜೀವಮಾನ ಸಾಧನೆ ಪ್ರಶಸ್ತಿ ನೀಡಿ ಗೌರವಿಸಿತು.

ಬಲ್ಬೀರ್ ಸಿಂಗ್ 2020ರ ಮೇ 25ರಂದು ಮೊಹಾಲಿಯಲ್ಲಿ ತಮ್ಮ 96ನೆಯ ವಯಸ್ಸಿನಲ್ಲಿ ನಿಧನರಾದರು. ಮೊಹಾಲಿಯ ಅಂತಾರಾಷ್ಟ್ರೀಯ ಹಾಕಿ ಕ್ರೀಡಾಂಗಣಕ್ಕೆ ಅನಂತರ ಅವರ ಹೆಸರನ್ನಿಡಲಾಯಿತು.