ಸಿಂಧೂ ಕಣಿವೆಯಿಂದ ಕೀಳಡಿಗೆ: ನಡುವಿನ ರಸೀದಿ ನಮ್ಮ ಕೊಪ್ಪಳದಾಗ

ಮೊದಲು ಒಂದು ತಪ್ಪೊಪ್ಪಿಗೆ. ಹೋದ ತಿಂಗಳು "ಮಸ್ಕಿ ಮಡಕೆ ಮೇಲಿರೋದು ಸಿಂಧೂ ಲಿಪಿನೇ" ಅಂತ ಒಂದು ರೀಲ್ ಹಾಕಿದ್ದೆ. ಚೆನ್ನಾಗಿ ಓಡ್ತು. ಈಗ ತೆಗೆದಿದ್ದೀನಿ. ಯಾಕೆ ಅಂತ ಹೇಳ್ತೀನಿ, ಕೇಳ್ರಿ.

ಸಿಂಧೂ ನಾಗರಿಕತೆಯ ದೊಡ್ಡ ಪಟ್ಟಣಗಳು ಕ್ರಿ.ಪೂ. 1900ರ ಸುಮಾರಿಗೆ ಕುಸಿಯತೊಡಗಿದವು. ಮದುರೈ ಹತ್ತಿರದ ಕೀಳಡಿ ಕ್ರಿ.ಪೂ. 6ನೇ ಶತಮಾನದ್ದು ಅನ್ನುತ್ತೆ ತಮಿಳುನಾಡು ಪುರಾತತ್ವ ಇಲಾಖೆ. ಆ ರಾಜ್ಯದಲ್ಲಿ ಸಿಕ್ಕ ಮಡಕೆಗಳ ಮೇಲಿನ ಗೀಚು ಗುರುತುಗಳಲ್ಲಿ ಸುಮಾರು 60% ಸಿಂಧೂ ಚಿಹ್ನೆಗಳನ್ನು ಹೋಲುತ್ತವೆ ಅಂತಲೂ ಇಲಾಖೆಯ ಅಧ್ಯಯನ ಹೇಳಿದೆ. 2025ರ ಜನವರಿಯಲ್ಲಿ ಮುಖ್ಯಮಂತ್ರಿ ಸ್ಟಾಲಿನ್, ಸಿಂಧೂ ಲಿಪಿ ಬಿಡಿಸಿದವರಿಗೆ 10 ಲಕ್ಷ ಡಾಲರ್ ಬಹುಮಾನ ಘೋಷಿಸಿದರು.

ಈಗ ಮ್ಯಾಪ್ ತೆಗೀರಿ. ಸಿಂಧೂ ಮೇಲೆ, ಕೀಳಡಿ ಕೆಳಗೆ. ನಡುವೆ ಯಾರು? ನಾವೇ! ಮಸ್ಕಿಯಲ್ಲಿ 1954ರಲ್ಲಿ ಅಗೆದಾಗಲೂ ಇಂಥ ಗುರುತಿನ ಮಡಕೆ ಸಿಕ್ಕವು. ಸಿಂಧೂ ಜನ ಆಡ್ತಿದ್ದದ್ದು ದ್ರಾವಿಡ ಭಾಷೆ ಅಂತ ಐರಾವತಂ ಮಹಾದೇವನ್, ಆಸ್ಕೊ ಪರ್ಪೊಲಾ ವಾದಿಸಿದ್ದಾರೆ. ಅದು ನಿಜವಾದ್ರೆ ಈ ಕಥೆ ತಮಿಳಿನದ್ದಷ್ಟೇ ಅಲ್ಲ, ಅದರ ತಂಗಿ ಕನ್ನಡದ್ದೂ ಹೌದು.

ಆದರೆ ನಾನು ಬಿ.ಕಾಂ. ಓದಿದವನು. ಎರಡು ಲೆಕ್ಕದ ಪುಸ್ತಕದಲ್ಲಿ ಒಂದೇ ಮೊತ್ತ ಕಂಡ್ರೆ ಅದು ಒಂದೇ ವ್ಯವಹಾರ ಅಂತ ಬರೆಯೋಕೆ ಆಗಲ್ಲ, ರಸೀದಿ ಬೇಕು. ಏಣಿ, ಬಾಣದಂಥ ಗುರುತನ್ನ ಯಾರು ಬೇಕಾದರೂ ಗೀಚಬಹುದು. ಸಿಂಧೂ ಲಿಪಿಯನ್ನ ಎಲ್ಲರೂ ಒಪ್ಪೋ ಹಾಗೆ ಇನ್ನೂ ಯಾರೂ ಓದಿಲ್ಲ. ನಡುವಿನ ಅಂತರ ಸಾವಿರ ವರ್ಷಕ್ಕೂ ಹೆಚ್ಚು. ನನ್ನ ರೀಲ್ ಅದನ್ನ ಮೂವತ್ತು ಸೆಕೆಂಡಿನಲ್ಲಿ ಜಿಗಿದುಬಿಟ್ಟಿತ್ತು.

ಹಂಗಾದ್ರೆ ರಸೀದಿ ಎಲ್ಲಿ? ಬಳ್ಳಾರಿ ಕಡೆ ಕುಡತಿನಿಯ ಬೂದಿದಿಬ್ಬ ನೋಡ್ರಿ, ದನಗಾಹಿಗಳು ಸಗಣಿ ಸುಟ್ಟ ರಾಶಿ. ಇಂಥ ದಿಬ್ಬಗಳ ಕಾಲ ಶುರುವಾಗಿದ್ದು ಸಿಂಧೂ ಪಟ್ಟಣಗಳು ಜೀವಂತ ಇದ್ದಾಗಲೇ. ಆಮೇಲೆ ಗಂಗಾವತಿ ಹತ್ತಿರದ ಹಿರೇಬೆಣಕಲ್ ಬೆಟ್ಟ. ಅಲ್ಲಿ ಸುಮಾರು 400 ಶಿಲಾ ರಚನೆಗಳಿವೆ, ಎರಡು ಸಾವಿರ ವರ್ಷಕ್ಕೂ ಹಳೇವು. 2021ರಲ್ಲಿ ಯುನೆಸ್ಕೋದ ತಾತ್ಕಾಲಿಕ ಪಟ್ಟಿಗೂ ಸೇರಿವೆ. ನಮ್ಮಜ್ಜಿ ಅವನ್ನ "ಮೋರಿಯರ ಮನಿ, ಕುಳ್ಳ ಮಂದಿ ಇದ್ರು" ಅಂತಿದ್ಲು. ಅವು ಮನೆಯಲ್ಲ, ಹೆಚ್ಚಿನವು ಸತ್ತವರ ನೆನಪಿಗೆ ಕಟ್ಟಿದವು.

ನಾನು ಹೋದಾಗ ಒಂದು ಚಪ್ಪಡಿ ಮಗುಚಿ ಬಿದ್ದಿತ್ತು, ಕೆಳಗೆ ಹೊಸದಾಗಿ ತೋಡಿದ ಗುಂಡಿ. ನಿಧಿ ಆಸೆ. ಅಲ್ಲಿ ಬಂಗಾರ ಇರಲಿಕ್ಕಿಲ್ಲ. ಒಡೆದ ಮಡಕೆ, ಎಲುಬಿನ ಚೂರು ಇದ್ದಿರಬಹುದು. ಲೆಕ್ಕ ಹೊಂದಿಸೋಕೆ ನಮಗೆ ಬೇಕಾಗಿದ್ದ ರಸೀದಿ ಅದೇ ರೀ. ನೀವು ಅಲ್ಲಿಗೆ ಹೋದ್ರೆ ಫೋಟೋ ತಗೊಳ್ರಿ, ಕಲ್ಲು ಮುಟ್ಟಬ್ಯಾಡ್ರಿ.